ಜೂಲ್ಯಾಂಡರ್ ಬರೀ ಪೆದ್ದು ಸಿನಿಮಾನಾ?

‘2001ರ ಜೂಲ್ಯಾಂಡರ್ ತೀರಾ ಪೆದ್ದುಪೆದ್ದಾಗಿದೆ, ಆದರೂ ಜನ ಇನ್ನೂ ಯಾಕೆ ನೋಡ್ತಾರೆ?’ ಅಂತ ಕೇಳಿದ್ದೀರಿ.

ಪೆದ್ದುಪೆದ್ದೇ, ಒಪ್ಪಿದೆ. ಹಾಲಿವುಡ್ ನಟ ಬೆನ್ ಸ್ಟಿಲ್ಲರ್ ತಾನೇ ನಿರ್ದೇಶಿಸಿ ನಟಿಸಿದ ಈ ಹಾಸ್ಯಚಿತ್ರದ ನಾಯಕ ಡೆರೆಕ್ ದೊಡ್ಡ ಮಾಡೆಲ್, ಆದರೆ ರ‍್ಯಾಂಪ್ ಮೇಲೆ ಎಡಕ್ಕೆ ತಿರುಗಲು ಬಾರದು. ಬ್ಲೂ ಸ್ಟೀಲ್, ಫೆರಾರಿ, ಲೆ ಟಿಗ್ರಾ ಎಂದು ತನ್ನ ಮುಖಭಾವಗಳಿಗೆ ಹೆಸರಿಟ್ಟುಕೊಂಡಿದ್ದಾನೆ; ಮೂರೂ ಒಂದೇ ಮೂತಿ. ಇಲ್ಲಿ ನಾನು ಬಿದ್ದೂ ಬಿದ್ದೂ ನಕ್ಕಿದ್ದೆ. ನಮ್ಮೂರ ಸೀರೆ ಅಂಗಡಿಯಲ್ಲಿ ಒಂದು ಯುಗಾದಿಗೆ ಬೇಬಿ ಪಿಂಕ್ ಆಗಿದ್ದ ಬಣ್ಣ ಮುಂದಿನ ಯುಗಾದಿಗೆ ಆನಿಯನ್ ಪಿಂಕ್ ಆಗಿರುತ್ತಿತ್ತು. ‘ಎರಡಕ್ಕೂ ಏನಪ್ಪಾ ವ್ಯತ್ಯಾಸ?’ ಅಂತ ಅಮ್ಮ ಕೇಳಿದರೆ, ‘ಇನ್ನೂರು ರೂಪಾಯಿ ಅಕ್ಕಾ’ ಅಂದಿದ್ದ ಅಂಗಡಿಯವನು.

ನಮ್ಮೂರು ಚಿಕ್ಕಬಳ್ಳಾಪುರ ಜಿಲ್ಲೆಯ ಶಿಡ್ಲಘಟ್ಟ, ರೇಷ್ಮೆ ಗೂಡಿನ ಮಾರುಕಟ್ಟೆಯ ಊರು. ಅಮ್ಮ ಗೂಡು ಬಿಚ್ಚುವ ಕಾರ್ಖಾನೆಯಾದ ಫಿಲೇಚರ್‌ನಲ್ಲಿ ನೂಲು ತೆಗೆಯುತ್ತಿದ್ದಳು. ಬಿಸಿನೀರಲ್ಲಿ ಗೂಡಿನ ಎಳೆ ಹುಡುಕಿ ಹುಡುಕಿ ಅವಳ ಬೆರಳ ತುದಿಗಳು ಸದಾ ಬೆಳ್ಳಗೆ ನೆನೆದಿರುತ್ತಿದ್ದವು. ಅದಕ್ಕೇ ಇರಬೇಕು, ಎರಡನೇ ಸಲ ನೋಡುವಾಗ ನನಗೆ ಕಥೆಯೊಳಗಿನ ಕೂಲಿ ಲೆಕ್ಕವೇ ಎದ್ದು ಕಂಡಿತು. ಖಳನಾದ ಡಿಸೈನರ್ ಮುಗಾಟು ಡೆರೆಕ್‌ನ ತಲೆಕೆಡಿಸಿ ಅವನ ಕೈಯಿಂದ ಮಲೇಷ್ಯಾದ ಪ್ರಧಾನಿಯನ್ನು ಕೊಲ್ಲಿಸಲು ನೋಡುತ್ತಾನೆ. ಪ್ರಧಾನಿಯ ತಪ್ಪೇನು? ಅಗ್ಗದ ಬಾಲಕಾರ್ಮಿಕರ ದುಡಿಮೆಗೆ ಕೊನೆ ಹಾಡಲು ಹೊರಟಿದ್ದು. ಗುಲಾಮರನ್ನು ಬಿಡಿಸಿದ ಲಿಂಕನ್‌ನ ಕೊಲೆಯನ್ನೂ ಸಿನಿಮಾ ಇದೇ ಫ್ಯಾಷನ್ ಧಣಿಗಳ ತಲೆಗೆ ಕಟ್ಟುತ್ತದೆ. (ಮಲೇಷ್ಯಾ ಈ ಸಿನಿಮಾವನ್ನು ನಿಷೇಧಿಸಿತು, ಅದು ಬೇರೆ ಮಾತು.)

ಬೀದಿಬದಿಯ ನಿರ್ಗತಿಕರ ಹರಕು ಬಟ್ಟೆ, ಕಸವನ್ನೇ ಮುಗಾಟು ‘ಡೆರೆಲಿಕ್ಟ್’ ಎಂಬ ಹೆಸರಲ್ಲಿ ರ‍್ಯಾಂಪಿಗೆ ಏರಿಸುತ್ತಾನೆ. ಇದು ಅತಿಯಾಯಿತು ಅನ್ನುವ ಹಾಗಿಲ್ಲ. 2000ರಲ್ಲೇ ಡಿಸೈನರ್ ಜಾನ್ ಗಲಿಯಾನೊ ಫ್ಯಾಷನ್ ಕಂಪನಿ ಡಿಯೋರ್‌ಗಾಗಿ ಪ್ಯಾರಿಸ್‌ನ ನಿರ್ಗತಿಕರ ವೇಷ ನೋಡಿ ದುಬಾರಿ ಉಡುಪು ಮಾಡಿದ್ದ. 2016ರ ಎರಡನೇ ಭಾಗದಲ್ಲಿ ಬರೀ ತಾರೆಯರ ಜಾತ್ರೆ, ಈ ಹುಳಿ ಇಲ್ಲ. ಸೋತಿತು.

ಒಮ್ಮೆ ಅಮ್ಮನಿಗೂ ತೋರಿಸಿದೆ. ಇಂಗ್ಲಿಷ್ ತಿಳಿಯದೆ ಸುಮ್ಮನೆ ಕೂತಿದ್ದವಳು, ಡೆರೆಕ್ ಅಪ್ಪನ ಕಲ್ಲಿದ್ದಲು ಗಣಿಗೆ ಹೋಗಿ ಒಂದೇ ದಿನಕ್ಕೆ ಶ್ವಾಸಕೋಶ ಕೆಟ್ಟವನ ಹಾಗೆ ಕೆಮ್ಮಿದಾಗ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕಳು: ‘ನಮ್ಮ ಓನರ್ ಮಗ ಒಂದಿನ ಕೆಲಸ ಕಲಿಯೋಕೆ ಬಂದಿದ್ನಲ್ಲ, ಥೇಟ್ ಹಿಂಗೇ ಆಡ್ತಿದ್ದ ಕಣೋ!’