ಕನ್ನಡ ಮೀಡಿಯಂನವರ ಇಂಗ್ಲಿಷ್ ಪ್ರಬಂಧ: ಓದುಗರ ಎರಡು ಪ್ರಶ್ನೆ

ಪ್ರಶ್ನೆ: ನಾನು ಹತ್ತನೇ ಕ್ಲಾಸಿನವರೆಗೆ ಕನ್ನಡ ಮೀಡಿಯಂ. ಮನೆಯಲ್ಲಿ ತುಳು, ಬಸ್ಸಿನಲ್ಲಿ ಮಲಯಾಳ. ಈಗ ಎಂ.ಎ. ಓದುತ್ತಾ ಬೀಡಿ ಕಟ್ಟುವ ಹೆಂಗಸರ ಬಗ್ಗೆ ಇಂಗ್ಲಿಷ್‌ನಲ್ಲಿ ಪ್ರಬಂಧ ಬರೆಯುತ್ತಿದ್ದೇನೆ. ಮೊದಲ ಅಧ್ಯಾಯ ನೋಡಿದ ಗೈಡ್, ಅರ್ಧ ಪುಟಕ್ಕೆ ಗೆರೆ ಎಳೆದು, ‘ಇದು ನಿನ್ನದಲ್ಲ’ ಎಂದರು. ಪುಸ್ತಕದ ವಾಕ್ಯ ತೆಗೆದು ಅಲ್ಲಲ್ಲಿ ಪದ ಬದಲಿಸಿದ್ದು ನಿಜ. ಆದರೆ ನನ್ನ ಸ್ವಂತ ಇಂಗ್ಲಿಷ್‌ನಲ್ಲಿ ಬರೀ ತಪ್ಪು. ಏನು ಮಾಡಲಿ?
– ಬದಿಯಡ್ಕದ ಓದುಗಿ

ಉತ್ತರ: ಮೊದಲು ಒಂದು ಮಾತು. ನೀವು ಕಳ್ಳಿ ಅಲ್ಲ. ಹೀಗೆ ಬೇರೆಯವರ ವಾಕ್ಯಕ್ಕೆ ತೇಪೆ ಹಾಕಿ ಬರೆಯುವುದಕ್ಕೆ ಬರವಣಿಗೆ ಕಲಿಸುವ ಅಮೆರಿಕದ ಪ್ರಾಧ್ಯಾಪಕಿ ರೆಬೆಕಾ ಮೂರ್ ಹೊವಾರ್ಡ್ 1990ರ ದಶಕದಲ್ಲಿ ‘ಪ್ಯಾಚ್‌ರೈಟಿಂಗ್’ ಎಂದು ಹೆಸರಿಟ್ಟರು. ಹೊಸ ವಿಷಯದ ಭಾಷೆ ಇನ್ನೂ ಬಾಯಿಗೆ ಬರದವರು ಕಲಿಯುವಾಗ ಹೀಗೇ ಮಾಡುತ್ತಾರೆ, ಇದನ್ನು ಮೋಸ ಎಂದು ಶಿಕ್ಷಿಸಬೇಡಿ, ಕಲಿಸಿ ಎಂದು ವಾದಿಸಿದರು. ನಾನು ಅವರ ಪಕ್ಷ.

ಆದರೆ ಅಲ್ಲೇ ನಿಲ್ಲುವ ಹಾಗಿಲ್ಲ. ಕೃತಿಚೌರ್ಯದ ಬಗ್ಗೆ ಯುಜಿಸಿಯ (ವಿಶ್ವವಿದ್ಯಾಲಯ ಅನುದಾನ ಆಯೋಗ) 2018ರ ನಿಯಮ ಗಟ್ಟಿಯಾಗಿದೆ. ಬೇರೆಯವರ ಬರಹದ ಜೊತೆ ಹೋಲಿಕೆ ಶೇ 10 ದಾಟಿ 40ರವರೆಗೆ ಇದ್ದರೆ ಆರು ತಿಂಗಳೊಳಗೆ ತಿದ್ದಿ ಕೊಡಬೇಕು. 60ರವರೆಗೆ ಹೋದರೆ ತಿದ್ದಿದ ಪ್ರಬಂಧವನ್ನು ಒಂದು ವರ್ಷದವರೆಗೆ ಕೊಡುವ ಹಾಗೇ ಇಲ್ಲ. ಅದನ್ನೂ ಮೀರಿದರೆ ನೋಂದಣಿಯೇ ರದ್ದು.

ಹಾಗಾದ್ರೆ ದಾರಿ? ಒಂದು ಪುಟ ಓದಿ, ಪುಸ್ತಕ ಮುಚ್ಚಿಡಿ. ಅದರಲ್ಲಿ ಏನಿತ್ತು ಅಂತ ಅಮ್ಮನಿಗೆ ತುಳುವಿನಲ್ಲಿ ಹೇಳಿ. ಅವರು ನಡುವೆ ‘ಅದೇಕೆ?’ ಎಂದು ಕೇಳಿ ನಿಮಗೆ ಉತ್ತರ ತೋಚದಿದ್ದರೆ ಆ ಪುಟ ನಿಮಗೇ ಅರ್ಥವಾಗಿಲ್ಲ, ಮತ್ತೆ ಓದಬೇಕು, ಅಷ್ಟೆ. ಹೇಳಲು ಬಂತಾ? ಅದನ್ನೇ ಕನ್ನಡದಲ್ಲಿ ಐದು ಸಾಲು ಬರೆಯಿರಿ. ಆಮೇಲೆ ಇಂಗ್ಲಿಷ್.

ಆ ಐದು ಸಾಲಿನಲ್ಲಿ ಒಂದು ವಿಷಯ ನಿಮಗೇ ಕಾಣುತ್ತದೆ. ‘ಮಳೆ ಬಂತು’ ಮತ್ತು ‘ಮಳೆ ಬಂತಂತೆ’ ಒಂದೇ ಅಲ್ಲ ಅಲ್ವಾ? ಎರಡನೆಯದು ನಾನು ಕಂಡದ್ದಲ್ಲ, ಯಾರೋ ಹೇಳಿದ್ದು. ಮಲಯಾಳದಲ್ಲಿ ‘ಅತ್ರೆ’ ಇದೆ, ತುಳುವಿನಲ್ಲಿ ‘ಗೆ’ ಇದೆ. ಕಂಡದ್ದು ಯಾವುದು, ಕೇಳಿದ್ದು ಯಾವುದು ಎಂದು ಬೇರೆ ಮಾಡಿ ಹೇಳುವುದನ್ನು ಕಾಸರಗೋಡಿನ ಮಕ್ಕಳು ಶಾಲೆಗೆ ಹೋಗುವ ಮೊದಲೇ ಮೂರು ಭಾಷೆಯಲ್ಲಿ ಕಲಿತಿರುತ್ತಾರೆ, ಅದನ್ನು ಬಿಟ್ಟು ನಮ್ಮ ಮಕ್ಕಳಿಗೆ ಉಲ್ಲೇಖ ಕೊಡುವುದು ಗೊತ್ತಿಲ್ಲ ಎಂದು ಯಾರಾದರೂ ಹೇಳಿದರೆ ನನಗೆ ನಿಜಕ್ಕೂ ಬೇಸರವಾಗುತ್ತದೆ. ಇಂಗ್ಲಿಷ್‌ಗೆ ಆ ಪುಟ್ಟ ‘ಅಂತೆ’ ಇಲ್ಲ. ಅದಕ್ಕೇ ಲೇಖಕರ ಹೆಸರು, ವರ್ಷ ಬರೆಯಬೇಕು, ಕ್ರಿಯಾಪದವನ್ನೂ ನೋಡಿ ಆರಿಸಬೇಕು. ‘ಶೋಸ್’ ಎಂದರೆ ಆ ಮಾತನ್ನು ನೀವೂ ಒಪ್ಪಿದಿರಿ. ‘ಆರ್ಗ್ಯೂಸ್’ ಎಂದರೆ ಅದು ಅವರ ವಾದ, ನೀವಿನ್ನೂ ಒಪ್ಪಿಲ್ಲ. ‘ಕ್ಲೇಮ್ಸ್’ ಎಂದರೆ ನಿಮಗೆ ಸ್ವಲ್ಪ ಅನುಮಾನ. ನಿಮ್ಮ ಅಧ್ಯಾಯದಲ್ಲಿ ಎಲ್ಲೆಲ್ಲಿ ‘ಅಂತೆ’ ಸೇರುತ್ತದೋ ಅಲ್ಲೆಲ್ಲ ಹೆಸರು ಬೇಕು. ಬೀಡಿ ಕಟ್ಟುವವರ ಮನೆಗೆ ಹೋಗಿ ನೀವೇ ಕಣ್ಣಾರೆ ಕಂಡದ್ದಕ್ಕೆ ‘ಅಂತೆ’ ಬೇಡ. ಅದೇ ನಿಮ್ಮ ಪ್ರಬಂಧದ ಜೀವ.

ವ್ಯಾಕರಣ ಕೊನೆಗೆ. ‘ಎ’, ‘ದಿ’ ಗೊಂದಲವೇ ಜಾಸ್ತಿ ಇರಬಹುದು. ‘ಪುಸ್ತಕ ತಂದೆ’ ಎಂದರೆ ಯಾವುದೋ ಒಂದು. ‘ಪುಸ್ತಕವನ್ನು ತಂದೆ’ ಎಂದರೆ ಸಾಮಾನ್ಯವಾಗಿ ಇಬ್ಬರಿಗೂ ಗೊತ್ತಿರುವ ಆ ಪುಸ್ತಕ. ಈ ಎರಡನೆಯ ಜಾಗ ಹೆಚ್ಚಾಗಿ ‘ದಿ’ಯದ್ದು. ಎಲ್ಲ ಕಡೆ ಸರಿಹೋಗುವುದಿಲ್ಲ, ಆದರೆ ಶುರು ಮಾಡಲು ಸಾಕು.

ಪ್ರಶ್ನೆ: ಡಿಗ್ರಿ ಮಕ್ಕಳಿಗೆ ಇಂಗ್ಲಿಷ್ ಕಲಿಸುತ್ತೇನೆ. ಪ್ರತಿ ತಪ್ಪನ್ನೂ ಕೆಂಪು ಪೆನ್ನಿನಲ್ಲಿ ತಿದ್ದುತ್ತೇನೆ. ಮುಂದಿನ ಸಲ ಅದೇ ತಪ್ಪು. ಸುಮ್ನೆ ತಿದ್ದುತ್ತಿದ್ದೇನಾ?
– ಮಂಜೇಶ್ವರದ ಮೇಷ್ಟ್ರು

ಉತ್ತರ: ಈ ಜಗಳ ಹಳೆಯದು. ವ್ಯಾಕರಣ ತಿದ್ದುವುದರಿಂದ ಲಾಭವಿಲ್ಲ, ಬಿಟ್ಟುಬಿಡಿ ಎಂದು ಭಾಷಾ ಕಲಿಕೆಯ ಸಂಶೋಧಕ ಜಾನ್ ಟ್ರಸ್ಕಾಟ್ 1996ರಲ್ಲಿ ಬರೆದರು. ಇಷ್ಟು ಬೇಗ ಹಾಗೆ ಹೇಳಬೇಡಿ ಎಂದು ಅದೇ ಕ್ಷೇತ್ರದ ಡಾನಾ ಫೆರಿಸ್ 1999ರಲ್ಲಿ ಉತ್ತರ ಕೊಟ್ಟರು. ಒಂದು ಸಲಕ್ಕೆ ಒಂದೇ ಬಗೆಯ ತಪ್ಪು ಹಿಡಿಯಿರಿ ಎನ್ನುವುದು ನನ್ನ ಸಲಹೆ. ಈ ವಾರ ಕ್ರಿಯಾಪದದ ಕಾಲ, ಮುಂದಿನ ವಾರ ‘ದಿ’. ಅದಕ್ಕೂ ಮೊದಲು, ಹುಡುಗ ಏನು ಹೇಳಹೊರಟಿದ್ದಾನೆ ಎಂಬುದಕ್ಕೆ ಒಂದು ಸಾಲು ಉತ್ತರ ಬರೆಯಿರಿ.

ಇನ್ನೊಂದು. ನಿಮ್ಮ ಕ್ಲಾಸಿನಲ್ಲಿ ಕನ್ನಡ ಮೀಡಿಯಂನವರೂ ಮಲಯಾಳ ಮೀಡಿಯಂನವರೂ ಇರುತ್ತಾರೆ. ಮಾತು ತಿಳಿದರೂ ಒಬ್ಬರ ಲಿಪಿ ಇನ್ನೊಬ್ಬರಿಗೆ ಎಷ್ಟೋ ಸಲ ಓದಲು ಬರುವುದಿಲ್ಲ. ಅವರನ್ನು ಒಂದೇ ಬೆಂಚಿನಲ್ಲಿ ಕೂರಿಸಿ, ತಮ್ಮೂರಿನ ವಿಷಯ ಇಂಗ್ಲಿಷ್‌ನಲ್ಲಿ ಬರೆದು ಬದಲಾಯಿಸಿಕೊಳ್ಳಲು ಹೇಳಿ. ಅರ್ಥವಾಗದ ಕಡೆ ಪಕ್ಕದವನು ಪೆನ್ಸಿಲ್‌ನಲ್ಲಿ ಪ್ರಶ್ನೆ ಗುರುತು ಹಾಕಲಿ. ಮೊದಲು ಅವರು ಅದನ್ನು ಸರಿಮಾಡಲಿ, ನಿಮ್ಮ ಕೆಂಪು ಪೆನ್ನು ಆಮೇಲೆ ಬರಲಿ.