ಮಡಕೆ ಪೇರಿಸುವುದೂ ಕಲೆಯಾ, ಮೇಷ್ಟ್ರೇ?

ಪ್ರಶ್ನೆ: ಮೇಷ್ಟ್ರೇ, ನನ್ನ ಮಗ ಬೆಂಗಳೂರಿನಲ್ಲಿ ಚಿತ್ರಕಲೆ ಓದುತ್ತಿದ್ದಾನೆ. ರಜೆಗೆ ಬಂದವನು ಮಾಂಟಿಯೆನ್ ಬೂನ್ಮಾ ಅನ್ನುವ ಥಾಯ್ಲೆಂಡ್ ಕಲಾವಿದರ ಫೋಟೊ ತೋರಿಸಿದ. ಮಣ್ಣಿನ ಗಂಟೆ ಪೇರಿಸಿದ್ದಾರೆ, ಗಿಡಮೂಲಿಕೆ ತೂಗುಹಾಕಿದ್ದಾರೆ. ಅದನ್ನು ನೋಡಿ ಇವನೂ ಸಂತೆಯಿಂದ ಕುಡಿಕೆ ತಂದು ಹಾಲ್ ತುಂಬ ಜೋಡಿಸಿದ್ದಾನೆ. ಓಡಾಡಲು ಜಾಗವಿಲ್ಲ. ಚಿತ್ರ ಬರೆಯುವುದು ಬಿಟ್ಟು ಇದೇನು? ಯಾರು ಆ ಕಲಾವಿದರು?
– ಓದುಗರೊಬ್ಬರು, ಗುಬ್ಬಿ

ಉತ್ತರ: ಬೂನ್ಮಾ ಕೂಡ ಚಿತ್ರ ಬರೆಯುವುದನ್ನೇ ಮೊದಲು ಕಲಿತವರು ಅಮ್ಮ. 1953ರಲ್ಲಿ ಬ್ಯಾಂಕಾಕ್‌ನಲ್ಲಿ ಹುಟ್ಟಿದರು. ಅಲ್ಲಿನ ಸಿಲ್ಪಕಾರ್ನ್ ವಿಶ್ವವಿದ್ಯಾಲಯದಲ್ಲಿ ಚಿತ್ರಕಲೆ ಓದಿ, ಆಮೇಲೆ ರೋಮ್, ಪ್ಯಾರಿಸ್‌ಗೆ ಹೋಗಿ ಕಲಿತರು. ವಾಪಸ್ ಬಂದು ಚಿಯಾಂಗ್ ಮಾಯ್‌ನಲ್ಲಿ ಮೇಷ್ಟ್ರಾದರು. ಅಕ್ಕಿ ಚೀಲ, ಕೋಣದ ಕೊಂಬು, ಮಣ್ಣು ಇಂಥವನ್ನೇ ಕೆಲಸಕ್ಕೆ ಬಳಸಿದರು. ನಿಮ್ಮ ಮಗ ತೋರಿಸಿದ ಗಂಟೆಗಳು 1992ರವು. ಸುಟ್ಟ ಮಣ್ಣಿನ ನೂರಾರು ಗಂಟೆಗಳನ್ನು ಒಂದರ ಮೇಲೊಂದು ಪೇರಿಸಿ ಬಾಗಿದ ಗೋಡೆ ಮಾಡಿದ್ದಾರೆ. ಅದರಾಚೆ ಚಿನ್ನದ ಬಣ್ಣದ ತಾವರೆ ಎಸಳುಗಳು. ಆ ಕೃತಿ ಈಗ ಆಸ್ಟ್ರೇಲಿಯಾದ ಬ್ರಿಸ್ಬೇನ್‌ನಲ್ಲಿರುವ ಕ್ವೀನ್ಸ್‌ಲ್ಯಾಂಡ್ ಕಲಾ ಗ್ಯಾಲರಿಯಲ್ಲಿದೆ.

ಆದರೆ ನನ್ನನ್ನು ಹಿಡಿದು ನಿಲ್ಲಿಸುವುದು ಗಂಟೆಗಳಲ್ಲ, ಗಿಡಮೂಲಿಕೆಗಳು. ಅವರ ಹೆಂಡತಿಗೆ ಸ್ತನ ಕ್ಯಾನ್ಸರ್ ಬಂತು. 1994ರಲ್ಲಿ ತೀರಿಕೊಂಡರು. ಮನೆಯಲ್ಲಿ ದೊಡ್ಡ ಕಾಯಿಲೆ ಕಂಡವರಿಗೆ ಗೊತ್ತು, ಮದ್ದು ಎಲ್ಲಿ ಸಿಗುತ್ತದೆ ಅಂದರೂ ಓಡುತ್ತೇವೆ, ಯಾವ ದೇವರಿಗೂ ಹರಕೆ ಹೊರುತ್ತೇವೆ. ಆ ಸಂಕಟವೆಲ್ಲ ಆಮೇಲಿನ ಕೆಲಸದೊಳಗೆ ಇಳಿಯಿತು.

1995ರಲ್ಲಿ ಅವರು ಮಾಡಿದ್ದು 'ಆರೋಗ್ಯಶಾಲೆ'. ಹನ್ನೆರಡನೇ ಶತಮಾನದ ಕೊನೆಯಲ್ಲಿ ಈಗಿನ ಕಾಂಬೋಡಿಯಾವನ್ನು ಆಳಿದ ಖ್ಮೇರ್ ರಾಜ ಏಳನೇ ಜಯವರ್ಮ ಕಟ್ಟಿಸಿದ ಆಸ್ಪತ್ರೆಗಳ ಹೆಸರು ಅದು. ಅಂಥ 102 ಆಸ್ಪತ್ರೆಗಳಿದ್ದವು ಅಂತ ಕಾಂಬೋಡಿಯಾದ ತಾ ಪ್ರೋಮ್ ದೇವಾಲಯದ ಶಾಸನ ಹೇಳುತ್ತದೆ. ಕೆಲವದರ ಅವಶೇಷ ಥಾಯ್ಲೆಂಡ್‌ನಲ್ಲೂ ಇವೆ. ಬೂನ್ಮಾ ಪೆಟ್ಟಿಗೆಗಳನ್ನು ಗೋಪುರದ ಹಾಗೆ ಪೇರಿಸಿ, ಗಿಡಮೂಲಿಕೆ ಸೇರಿಸಿ, ನಡುವೆ ಒಬ್ಬರು ನಿಲ್ಲುವಷ್ಟು ಜಾಗ ಬಿಟ್ಟರು. ಒಳಗೆ ನಿಂತು ತಲೆ ಎತ್ತಿದರೆ ಮೇಲೆ ಶ್ವಾಸಕೋಶದ ಆಕಾರ ತೂಗುತ್ತಿರುತ್ತದೆ. ನೋಡುವವರು ಮಾಡಬೇಕಾದ್ದು ಇಷ್ಟೇ, ಉಸಿರಾಡಬೇಕು.

ತುಮಕೂರಿನ ಮಂಡಿಪೇಟೆ ಕಡೆ ಯಾವುದಾದರೂ ಗ್ರಂಥಿಗೆ ಅಂಗಡಿ ಮುಂದೆ ನಿಂತಿದ್ದೀರಾ? ಹಿಪ್ಪಲಿ, ಬಜೆ, ಜ್ಯೇಷ್ಠಮಧು, ಒಣಶುಂಠಿ ಎಲ್ಲ ಸೇರಿದ ಘಾಟು ಮೊದಲು ಮೂಗಿಗೆ ಬಡಿಯುತ್ತದೆ, ಆಮೇಲೆ ಎದೆಗೆ ಇಳಿಯುತ್ತದೆ. ಪೊಟ್ಟಣ ಕಟ್ಟಿಸಿಕೊಳ್ಳುವ ಮೊದಲೇ ಅರ್ಧ ಕಾಯಿಲೆ ಹೋದ ಹಾಗೆ ಅನಿಸುತ್ತದೆ, ಅಲ್ವಾ? ಸಿದ್ಧರಬೆಟ್ಟ ಹತ್ತುವವರು ಕೂಡ ಅಲ್ಲಿನ ಗಾಳಿ ಕುಡಿದರೇ ಸಾಕು ಅನ್ನುತ್ತಾರೆ. ಬೂನ್ಮಾ ಹಿಡಿದದ್ದು ಈ ನಂಬಿಕೆಯನ್ನೇ. ಇದನ್ನು ಬಣ್ಣದಲ್ಲಿ ಹೇಗೆ ಬರೆಯುತ್ತೀರಿ? ವಾಸನೆಗೆ ಕುಂಚ ಸಾಲದು. ಅದಕ್ಕೇ ಅವರು ಮೂಲಿಕೆಯನ್ನೇ ತಂದಿಟ್ಟರು. ಮುಂದೆ ನ್ಯೂಯಾರ್ಕ್‌ನಲ್ಲಿ 'ಭರವಸೆಯ ಮನೆ' ಮಾಡಿದಾಗ ಮದ್ದಿನ ಉಂಡೆಗಳನ್ನು ದಾರಕ್ಕೆ ಪೋಣಿಸಿ ಇಳಿಬಿಟ್ಟರು, ಗೋಡೆಗೂ ಮೂಲಿಕೆ ಬಳಿದರು. ಫೋಟೊದಲ್ಲಿ ಇದು ಸುಮ್ನೆ ದಾರದ ಪರದೆ ಥರ ಕಾಣುತ್ತದೆ. ನಿಮಗೆ ಅರ್ಥವಾಗದ್ದು ನಿಮ್ಮ ತಪ್ಪಲ್ಲ. ಫೋಟೊಗೆ ವಾಸನೆ ಇಲ್ಲ.

1998ರ ಇನ್ನೊಂದು ಕೆಲಸದಲ್ಲಿ ಬುದ್ಧನ ತಲೆಯ ಅಚ್ಚುಗಳಿವೆ. ಅಚ್ಚಿನ ಒಳಗೆ ನಮ್ಮ ತಲೆ ತೂರಿಸಿ ನಿಲ್ಲಬೇಕು. ಒಳಗೂ ಮೂಲಿಕೆ. ಹೊರಗೆ ನಿಂತು ಕೈಮುಗಿಯುವ ಮೂರ್ತಿಯ ಒಳಕ್ಕೇ ನಮ್ಮನ್ನು ಕರೆದುಕೊಂಡು ಹೋದರಲ್ಲ, ಎಂಥ ಧೈರ್ಯ ಅದು! ಅವರನ್ನೂ ಕ್ಯಾನ್ಸರ್ ಬಿಡಲಿಲ್ಲ. 2000ದಲ್ಲಿ, 47ನೇ ವಯಸ್ಸಿಗೆ ಹೋಗಿಬಿಟ್ಟರು. ಇಟಲಿಯ ವೆನಿಸ್‌ನಲ್ಲಿ ಎರಡು ವರ್ಷಕ್ಕೊಮ್ಮೆ ನಡೆಯುವ ದೊಡ್ಡ ಕಲಾ ಪ್ರದರ್ಶನ ಬಿನಾಲೆ. 2005ರಲ್ಲಿ ಅಲ್ಲಿ ಥಾಯ್ಲೆಂಡ್ ಅವರ ಕೆಲಸಗಳನ್ನು ತೋರಿಸಿತು. ನೋಡಲು ಅವರೇ ಇರಲಿಲ್ಲ. ಈ ಮಾತು ಬರೆಯುವಾಗ ನನಗೆ ಈಗಲೂ ಸಂಕಟವಾಗುತ್ತದೆ.

ಈಗ ನಿಮ್ಮ ಹಾಲ್ ವಿಷಯ. ಹುಡುಗನನ್ನು ಬೈಯಬೇಡಿ. ಪಕ್ಕದಲ್ಲಿ ಕೂತು, 'ಕುಡಿಕೆಯೇ ಯಾಕೆ ಬೇಕಾಯಿತಪ್ಪ?' ಅಂತ ಕೇಳಿ. 'ಬೂನ್ಮಾ ಮಣ್ಣು ಬಳಸಿದರು, ಅದಕ್ಕೆ' ಅಂದರೆ ಎಲ್ಲ ಎತ್ತಿಡಲು ಹೇಳಿ. ಅದು ಬರೀ ನಕಲು, ಜಾಸ್ತಿ ದಿನ ನಿಲ್ಲುವುದಿಲ್ಲ. ಅಜ್ಜಿಯ ಮೊಸರಿನ ಕುಡಿಕೆಯದ್ದೋ, ಊರಲ್ಲಿ ತಿರುಗುವುದು ನಿಂತ ತಿಗರಿಯದ್ದೋ, ಅವನದ್ದೇ ಆದ ಒಂದು ಕಾರಣ ಹೇಳಿದರೆ, ರಜೆ ಮುಗಿಯುವವರೆಗೆ ಹಾಲ್ ಬಿಟ್ಟುಕೊಡಿ. ನಡೆಯಲು ಒಂದು ಬದಿ ದಾರಿ ಮಾಡು ಅಂತ ಕೇಳಿ. ಜನ ಹೇಗೆ ನಡೆದು ಬಂದು ನೋಡುತ್ತಾರೆ ಅನ್ನುವುದೂ ಈ ಕಲೆಯ ಪಾಠವೇ.