ಭೀಮಾ ನದಿ ದಾಟಿದ ಜಾತಿ ಪತ್ರ

ಪುಣೆಯ ಹಡಪಸರದ ಓದುಗಿಯೊಬ್ಬರು ಹೀಗೆ ಬರೆದಿದ್ದಾರೆ: "ನಮ್ಮದು ಇಂಡಿ ತಾಲೂಕಿನ ತಾಂಡಾ. ಅಪ್ಪ 1988ರಲ್ಲಿ ಕಟ್ಟಡ ಕೆಲಸಕ್ಕೆ ಬಂದು ಇಲ್ಲೇ ಉಳಿದರು. ನಾನು ಹುಟ್ಟಿ ಓದಿದ್ದೆಲ್ಲ ಇಲ್ಲೇ. ಅಪ್ಪನ ಹತ್ತಿರ ಕರ್ನಾಟಕದ ಪತ್ರ ಇದೆ: ಲಂಬಾಣಿ, ಪರಿಶಿಷ್ಟ ಜಾತಿ. ತಲಾಠಿ, ಅಂದರೆ ಗ್ರಾಮ ಲೆಕ್ಕಿಗ ಹುದ್ದೆಯ ಪರೀಕ್ಷೆಗೆ ಅದು ನಡೆಯೋದಿಲ್ಲ ಅಂದರು. ಏಜೆಂಟ್ ಒಬ್ಬ 40 ಸಾವಿರಕ್ಕೆ ಇಲ್ಲಿನ ಪತ್ರ, ಅದು ನಿಜ ಅಂತ ಹೇಳುವ ವ್ಯಾಲಿಡಿಟಿ ಎರಡೂ ಮಾಡಿಸಿಕೊಡ್ತೀನಿ ಅಂತಾನೆ. ಏನು ಮಾಡಲಿ?"

ತಂಗಿ, ಏಜೆಂಟ್‌ನ ಸಹವಾಸ ಬೇಡ. ಯಾಕೆ ಅಂತ ಆಮೇಲೆ ಹೇಳ್ತೀನಿ.

ತಲಾಠಿ ಕೆಲಸ ಮಹಾರಾಷ್ಟ್ರ ಸರ್ಕಾರದ್ದು. ಅಲ್ಲಿ ಮಹಾರಾಷ್ಟ್ರದ ಪಟ್ಟಿಯೇ ಲೆಕ್ಕ. ನಿಮ್ಮ ಜನ ಕರ್ನಾಟಕದಲ್ಲಿ ಪರಿಶಿಷ್ಟ ಜಾತಿ, ಆಂಧ್ರದಲ್ಲಿ ಪರಿಶಿಷ್ಟ ಪಂಗಡ, ಮಹಾರಾಷ್ಟ್ರದಲ್ಲಿ ವಿಮುಕ್ತ ಜಾತಿ ಅನ್ನುವ ಬೇರೆಯೇ ಮೀಸಲಾತಿ ಗುಂಪು. ಹಾಡು ಅದೇ, ಮಾತು ಅದೇ, ಪಟ್ಟಿ ಮಾತ್ರ ಮೂರು. ಹಾಗಾದರೆ ಇಲ್ಲಿ ವಿಮುಕ್ತ ಜಾತಿ ಅಂತಲೇ ಪತ್ರ ಮಾಡಿಸಬಹುದಲ್ವಾ? ಆಗೋದಿಲ್ಲ. ಅದಕ್ಕೆ ನಿಮ್ಮ ಮನೆತನ 1961ರ ನವೆಂಬರ್ 21ಕ್ಕೆ ಮೊದಲೇ ಮಹಾರಾಷ್ಟ್ರದಲ್ಲಿ ಕಾಯಂ ಇದ್ದಿರಬೇಕು. ನಿಮ್ಮಪ್ಪ ಬಂದಿದ್ದು 1988ರಲ್ಲಿ.

ಆಂಧ್ರದಿಂದ ಬಂದ ಕುಟುಂಬದ ಹುಡುಗನೊಬ್ಬ ಮುಂಬೈಯ ಮೆಡಿಕಲ್ ಕಾಲೇಜಿನ ಸೀಟಿಗಾಗಿ ಇದೇ ಪ್ರಶ್ನೆ ಹಿಡಿದು ಸುಪ್ರೀಂ ಕೋರ್ಟಿಗೆ ಹೋಗಿದ್ದ. 1990ರಲ್ಲಿ ತೀರ್ಪು ಬಂತು: ಒಂದು ಜಾತಿ ಹಿಂದುಳಿದದ್ದು ಅನ್ನೋದು ಆಯಾ ರಾಜ್ಯದ ಸ್ಥಿತಿ ನೋಡಿ ಹೇಳುವ ಮಾತು, ವಲಸೆ ಹೋದವರ ಜೊತೆ ಅದು ಹೋಗೋದಿಲ್ಲ. ಕಾಗದದ ಮೇಲೆ ಸರಿಯೇ ಇರಬಹುದು. ಕಟ್ಟಡದ ಪಕ್ಕ ತಗಡಿನ ಶೆಡ್ಡಿನಲ್ಲಿ ಬೆಳೆದ ಮಗುವಿಗೆ ಇದನ್ನು ಹೇಗೆ ತಿಳಿಸಿ ಹೇಳೋದು? ನನಗಂತೂ ಗೊತ್ತಿಲ್ಲ.

ಆದರೆ ಅಪ್ಪನ ಪತ್ರ ಸುಮ್ನೆ ಪೆಟ್ಟಿಗೆಯಲ್ಲಿಡುವ ಕಾಗದ ಅಲ್ಲ. ರೈಲ್ವೆ, ಅಂಚೆ, ಸರ್ಕಾರಿ ಬ್ಯಾಂಕು, ಕೇಂದ್ರದ ಇಲಾಖೆಗಳಿಗೆ ನೀವು ಪರಿಶಿಷ್ಟ ಜಾತಿಯವರೇ. ಅಪ್ಪನ ಮೂಲ ಪತ್ರ ತೋರಿಸಿದರೆ, ಅದರ ಆಧಾರದ ಮೇಲೆ ಇಲ್ಲಿನ ಅಧಿಕಾರಿಯೇ ನಿಮಗೆ ವಲಸೆ ಬಂದವರ ನಮೂನೆಯಲ್ಲಿ ಪತ್ರ ಕೊಡಬಹುದು. 1982ರಲ್ಲೇ ಕೇಂದ್ರ ಸರ್ಕಾರ ಇದಕ್ಕೆ ದಾರಿ ಮಾಡಿದೆ. ಅಂದರೆ ಪುಣೆ ಸ್ಟೇಷನ್ನಿನ ಕೆಲಸಕ್ಕೆ ನೀವು ಪರಿಶಿಷ್ಟ ಜಾತಿ, ಅಲ್ಲೇ ಹತ್ತಿರದ ಕಲೆಕ್ಟರ್ ಕಚೇರಿಯ ಕೆಲಸಕ್ಕೆ ಜನರಲ್. ನಗು ಬರುತ್ತೆ, ಆದರೆ ಇರೋದು ಹೀಗೆ.

ಈಗ ಏಜೆಂಟ್. ಮಹಾರಾಷ್ಟ್ರದಲ್ಲಿ ಜಾತಿ ಪತ್ರ ಒಂದೇ ಸಾಲದು. 2001ರಿಂದ ಜಾರಿಯಲ್ಲಿರುವ ಕಾಯ್ದೆ ಪ್ರಕಾರ ಪಡತಾಳಣಿ ಸಮಿತಿಯ, ಅಂದರೆ ಜಾತಿ ಪರಿಶೀಲನಾ ಸಮಿತಿಯ ವ್ಯಾಲಿಡಿಟಿ ಬೇಕು. ಸಂಶಯ ಬಂದರೆ ಸಮಿತಿಯ ತನಿಖೆ ಮಾಡುವ ವಿಜಿಲೆನ್ಸ್‌ನವರು ಶಾಲೆಗೇ ಹೋಗಿ ರಿಜಿಸ್ಟರ್ ತೆಗೆಸುತ್ತಾರೆ. ಒಮ್ಮೆ ಓದುಗರೊಬ್ಬರು ಅಜ್ಜನ ಶಾಲಾ ದಾಖಲೆ ಅಂತ ಒಂದು ಕಾಗದ ತಂದು ನನ್ನ ಮೇಜಿನ ಮೇಲಿಟ್ಟಿದ್ದರು. ಸಾಲೆಲ್ಲ ಮಾಸಿದ ಕಂದು ಶಾಯಿ, ಜಾತಿಯ ಹೆಸರು ಮಾತ್ರ ಬಾಲ್‌ಪೆನ್ನಿನ ನೀಲಿ. ಕನ್ನಡಕ ಇಲ್ಲದೆಯೂ ನನಗೆ ಕಂಡಿತ್ತು. ಸಿಕ್ಕಿಬಿದ್ದರೆ ಆರು ತಿಂಗಳಿಂದ ಎರಡು ವರ್ಷದವರೆಗೆ ಜೈಲಾಗಬಹುದು. ಎಷ್ಟು ವರ್ಷ ದುಡಿದಿದ್ದರೂ ಸುಳ್ಳು ಪತ್ರದ ನೌಕರಿ ಉಳಿಯೋದಿಲ್ಲ ಅಂತ 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಏಜೆಂಟ್ ಆಗ ಫೋನ್ ಎತ್ತೋದಿಲ್ಲ. ಇನ್ನೊಂದು: ಇಂಥ ಪತ್ರದಿಂದ ತಪ್ಪುವುದು ಇಲ್ಲಿನ ತಾಂಡಾದ ಇನ್ನೊಬ್ಬ ಹುಡುಗಿಯ ಸೀಟು.

ಹೆಸರುಗಳನ್ನೂ ಒಮ್ಮೆ ನೋಡಿಕೊಳ್ಳಿ. ಲಂಬಾಣಿ, ಲಮಾಣಿ, ಬಂಜಾರ ಮೂರೂ ಕರ್ನಾಟಕದ ಪಟ್ಟಿಯಲ್ಲಿವೆ, ಹೆಸರು ಬೇರೆ ಅನ್ನುವ ಭಯ ಬೇಡ. ತಕರಾರು ಜಾಸ್ತಿ ಬರೋದು ಅಡ್ಡಹೆಸರಲ್ಲಿ. ಅಪ್ಪನ ಪತ್ರದಲ್ಲಿ ಅಡ್ಡಹೆಸರು ಲಮಾಣಿ ಅಂತಿದ್ದು ನಿಮ್ಮ ಶಾಲೆಯಲ್ಲಿ ರಾಠೋಡ ಅಂತ ಬರೆಸಿದ್ದರೆ, ಇಬ್ಬರೂ ಒಂದೇ ಮನೆಯವರು ಅಂತ ತೋರಿಸುವ ಕಾಗದ ಬೇಕು. ಊರಿಗೆ ಹೋದಾಗ ಅಪ್ಪ ಕಲಿತ ಶಾಲೆಯಿಂದ ದಾಖಲಾತಿ ರಿಜಿಸ್ಟರಿನ ನಕಲು ತಗೊಳ್ಳಿ, ಹೆಡ್‌ಮಾಸ್ತರರ ಸಹಿ, ಶಾಲೆಯ ಸೀಲು ಸಮೇತ. ಬೇಸಿಗೆ ರಜೆಯಲ್ಲಿ ಮಾತ್ರ ಹೋಗಬೇಡಿ, ಶಾಲೆಗೆ ಬೀಗ ಹಾಕಿರುತ್ತೆ.